ಸಾಕ್ಷಿ ಯಾರು?

ಸಾಕ್ಷ್ಯಚಿತ್ರವೆಂದೊಡನೆ ನಮ್ಮ ತಲೆಮಾರಿನವರ ಕಿವಿಯಲ್ಲಿ ಮೊಳಗುವುದು ಒಂದು ಗಂಭೀರ ಕಂಠ. ಚಿತ್ರಮಂದಿರಗಳಲ್ಲಿ ಕಥಾಚಿತ್ರಕ್ಕೆ ಮುನ್ನ ಫಿಲ್ಮ್ಸ್ ಡಿವಿಷನ್ನಿನ ಕಿರುಚಿತ್ರ ಬರುತ್ತಿತ್ತು. ಅದರಲ್ಲಿ ಅಣೆಕಟ್ಟು ಕಾಣುತ್ತಿತ್ತು, ಕಲ್ಲು ಹೊರುವ ಹೆಂಗಸೂ ಕಾಣುತ್ತಿದ್ದಳು. ಮಾತು ಮಾತ್ರ ಅವಳದಲ್ಲ, ತೆರೆಯ ಹಿಂದಿನ ಆ ಕಂಠದ್ದು.

ಈ ಏರ್ಪಾಡನ್ನು ಪಲ್ಲಟಗೊಳಿಸಿದವರಲ್ಲಿ ಬೆಂಗಳೂರಿನ ದೀಪಾ ಧನರಾಜ್ ಒಬ್ಬರು. 1980ರಲ್ಲಿ, ಇನ್ನೂ ಉದಯೋನ್ಮುಖರಾಗಿದ್ದಾಗಲೇ, ಅವರು ಅಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಅವರೊಡನೆ ‘ಯುಗಾಂತರ್’ ಎಂಬ ಚಿತ್ರತಂಡವನ್ನು ಕಟ್ಟಿದರು. ಪುಣೆಯ ಮನೆಗೆಲಸದ ಹೆಂಗಸರನ್ನು ಕುರಿತ ‘ಮೋಲಕರೀಣ್’ 1981ರಲ್ಲಿ ಬಂದಿತು. ಮರುವರ್ಷ ಬಂದದ್ದು ನಮ್ಮದೇ ಗಡಿಯೂರಾದ ನಿಪ್ಪಾಣಿಯ ಚಿತ್ರ, ‘ತಂಬಾಕು ಚಾಕಿಲಾ ಊಬ್ ಆಲಿ’.

ನಿಪ್ಪಾಣಿಯ ತಂಬಾಕು ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದ ಹೆಂಗಸರು ಸಂಘ ಕಟ್ಟಿ ಮುಷ್ಕರ ಹೂಡಿದ್ದರು. ತಂಡವು ಅವರೊಡನೆ ಕುಳಿತು, ಅವರ ಮಾತು ಕೇಳಿ, ಏನನ್ನು ತೋರಿಸಬೇಕು, ಹೇಗೆ ಹೇಳಬೇಕು ಎಂಬುದನ್ನು ಅವರೊಂದಿಗೇ ಗೊತ್ತುಮಾಡಿಕೊಂಡಿತು. ಮುಗಿದುಹೋಗಿದ್ದ ಮುಷ್ಕರವನ್ನು ಆ ಹೆಂಗಸರೇ ಮತ್ತೆ ಅಭಿನಯಿಸಿ ತೋರಿದರು.

ಅಭಿನಯಿಸಿದ್ದು ಸಾಕ್ಷ್ಯವಾದೀತೆ ಎಂದು ಕೇಳುವವರುಂಟು. ಬೀಸುವ ಕಲ್ಲಿನ ಮುಂದೆ ಕುಳಿತ ಹೆಣ್ಣು ತನ್ನ ಬಾಳಿನ ಕಷ್ಟವನ್ನು ಹಾಡಾಗಿಸಿದಾಗ ಅದು ಸುಳ್ಳೆಂದು ನಾವು ಎಂದೂ ಹೇಳಲಿಲ್ಲ. ಹಾಗೆಂದು ನಿರ್ದೇಶಕಿಯ ಅಧಿಕಾರ ಕರಗಿಹೋಗುವುದೂ ಇಲ್ಲ. ಯಾವ ಮಾತು ಉಳಿಯಬೇಕು, ಯಾವುದು ಕತ್ತರಿಗೆ ಸಿಗಬೇಕು ಎಂಬ ಪ್ರಶ್ನೆ ಸಂಕಲನದ ಮೇಜಿನ ಮೇಲೆ ಮತ್ತೆ ಎದುರಾಗುತ್ತದೆ. ಆ ಅಧಿಕಾರವನ್ನು ಮರೆಯದೆ ಬಳಸುವುದೇ ಈ ಮಾರ್ಗದ ಕಷ್ಟ.

ಈ ಪ್ರಶ್ನೆ ನಮ್ಮ ಸೀಮೆಗೆ ಹೊಸದಲ್ಲ. ಸುರಪುರದಲ್ಲಿ ಬ್ರಿಟಿಷ್ ಅಧಿಕಾರಿಯಾಗಿದ್ದ ಮೆಡೋಸ್ ಟೇಲರನ ಆತ್ಮಕಥೆ 1877ರಲ್ಲಿ ಪ್ರಕಟವಾಯಿತು. ನಮ್ಮ ಸಂಸ್ಥಾನದ ಬಗೆಗೆ ಅದರಲ್ಲಿ ಅಕ್ಕರೆಯುಂಟು. ರಾಣಿ ಈಶ್ವರಮ್ಮನೂ ಅಲ್ಲಿ ಬರುತ್ತಾಳೆ. ಆದರೆ ಟೇಲರನ ಕಣ್ಣಿಗೆ ಕಂಡಂತೆ ಮಾತ್ರ. ಆಕೆಯ ಬಾಯಿಂದ ಅದೇ ಕಥೆಯನ್ನು ಕೇಳುವ ಭಾಗ್ಯ ನಮಗಿಲ್ಲ.

ನಾರಾಯಣಪುರದ ಕಾಲುವೆಗಳು ಶಹಾಪುರ, ಸುರಪುರದ ಹೊಲಗಳಿಗೆ ಕೃಷ್ಣೆಯ ನೀರನ್ನು ತಂದಿವೆ. ಆದರೂ ಗುಳೆ ನಿಂತಿಲ್ಲ. ಯಾದಗಿರಿಯಲ್ಲಿ ಗಂಟುಮೂಟೆಯೊಡನೆ ರೈಲು ಹತ್ತುವ ಕುಟುಂಬಗಳು ಬೆಂಗಳೂರಿನ ಕಟ್ಟಡಗಳಿಗೆ ಇಟ್ಟಿಗೆ ಹೊರುತ್ತವೆ. ಸರಕಾರಿ ವರದಿಗಳಲ್ಲಿ ಅವರು ಅಂಕಿಗಳು, ಪತ್ರಿಕೆಗಳಲ್ಲಿ ಕರುಣೆಯ ಛಾಯಾಚಿತ್ರಗಳು. ಟೇಲರನ ಅಕ್ಕರೆಗೂ ಈ ಕರುಣೆಗೂ ಅಂತರ ಬಹಳವಿಲ್ಲ.

ಯುಗಾಂತರ್ ಚಿತ್ರಗಳು ಬರ್ಲಿನ್ನಿನ ಆರ್ಸೆನಲ್ ಸಂಸ್ಥೆಯ ನೆರವಿನಿಂದ ಈಗ ಮರುಹುಟ್ಟು ಪಡೆದಿವೆ. ಅವನ್ನು ನಮ್ಮ ಕಾಲೇಜುಗಳಲ್ಲಿ ತೋರಿಸಬೇಕು. ಇಂದು ಅಂಗೈಯಗಲದ ದೂರವಾಣಿಯಲ್ಲೇ ಕ್ಯಾಮೆರಾ ಇರುವಾಗ, ನಮ್ಮ ಹೆಣ್ಣುಮಕ್ಕಳಲ್ಲಿ ಯಾರಾದರೂ ಈ ಮಾರ್ಗವನ್ನು ಹಿಡಿದಾರು. ಅಂಥವರಲ್ಲಿ ನನ್ನ ವಿನಂತಿ ಇಷ್ಟೇ: ಗುಳೆಯಿಂದ ಮರಳಿದ ತಾಯಂದಿರ ಬಳಿ ಮೊದಲು ಬರಿಗೈಯಲ್ಲಿ ಹೋಗಿ ಕುಳಿತುಕೊಳ್ಳಿ, “ಏನನ್ನು ತೋರಿಸಲಿ, ಯವ್ವಾ?” ಎಂದು ಕೇಳಿರಿ. ಕ್ಯಾಮೆರಾ ಆಮೇಲೆ ಹೊರಬರಲಿ.