ಕತ್ತರಿಯ ಕಸುಬು: ಟಿ.ವಿ. ಮತ್ತು ಸಾಕ್ಷ್ಯಚಿತ್ರಗಳ ಎಡಿಟರ್

ಚಿತ್ರೀಕರಿಸಿ ತಂದ ದೃಶ್ಯ, ಧ್ವನಿಗಳಲ್ಲಿ ಬೇಕಾದದ್ದನ್ನು ಆರಿಸಿ, ಕತ್ತರಿಸಿ, ಒಂದು ಓಟಕ್ಕೆ ಜೋಡಿಸುವವರು ಸಂಕಲನಕಾರರು. ಕಸುಬಿನವರ ಬಾಯಲ್ಲಿ ಎಡಿಟರ್. ಕಥಾಚಿತ್ರದ ಎಡಿಟರ್ ಮುಂದೆ ಚಿತ್ರಕಥೆಯಾದರೂ ಇರುತ್ತದೆ. ಸಾಕ್ಷ್ಯಚಿತ್ರದಲ್ಲಿ ಎಷ್ಟೋ ಸಲ ಕಥೆ ಹುಟ್ಟುವುದೇ ಎಡಿಟಿಂಗ್ ಮೇಜಿನ ಮೇಲೆ.

ಕನ್ನಡ ನಾಡಿನಲ್ಲಿ ಟಿ.ವಿ.ಗೆ ಈ ವಿದ್ಯೆ ಬಂದದ್ದು ಸಿನಿಮಾದಿಂದ. ಶಂಕರ್‌ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ, 1986ರಲ್ಲಿ ದೂರದರ್ಶನದಲ್ಲಿ ಬಂದ ‘ಮಾಲ್ಗುಡಿ ಡೇಸ್’ ಧಾರಾವಾಹಿಯ ಸಂಕಲನ ಸುರೇಂದ್ರ ಅರಸ್ ಅವರದು. ಕಂತು ಅರ್ಧ ಗಂಟೆಯೊಳಗೆ ಮುಗಿಯಬೇಕು, ಕಥೆಯ ಊರಿನ ನಿಧಾನಗತಿಯೂ ಕೆಡಬಾರದು. ಜನ ಅದನ್ನು ಇಂದಿಗೂ ನೋಡುವುದಕ್ಕೆ ಆ ಹದ ಸಿಕ್ಕಿದ್ದೂ ಒಂದು ಕಾರಣ.

ಈ ಕಸುಬಿಗೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿತು ಬರುವವರುಂಟು. ಇನ್ನು ಅನೇಕರು ಸಹಾಯಕರಾಗಿ ಸೇರಿ, ಶಾಟ್‌ಗಳ ಪಟ್ಟಿ ಬರೆಯುತ್ತ, ಚಿತ್ರಕ್ಕೆ ಧ್ವನಿ ಹೊಂದಿಸುತ್ತ ಕೈ ಪಳಗಿಸಿಕೊಂಡವರು. ಫಿಲ್ಮಿನ ಕಾಲದಲ್ಲಿ ರೀಲನ್ನು ಕತ್ತರಿಸಿ ಅಂಟಿಸಬೇಕಿತ್ತು. ವಿಡಿಯೋ ಟೇಪಿನಲ್ಲಿ ನಡುವೆ ಒಂದು ಶಾಟ್ ಸೇರಿಸಬೇಕಾದರೆ ಮುಂದಿನದನ್ನೆಲ್ಲ ಮತ್ತೆ ದಾಖಲಿಸಬೇಕಿತ್ತು. ಕಂಪ್ಯೂಟರ್ ಈ ಪಾಡನ್ನು ತಪ್ಪಿಸಿತು. 1994ರಲ್ಲಿ ಉದಯ ಟಿ.ವಿ. ಬಂದ ಮೇಲೆ, ಮುಂದೆ ಸುದ್ದಿ ವಾಹಿನಿಗಳು ಹೆಚ್ಚಿದಂತೆ ಕೆಲಸವೂ ಹೆಚ್ಚಿತು, ಗಡಿಬಿಡಿಯೂ ಹೆಚ್ಚಿತು.

ಎಡಿಟರ್ ಕೈಯಲ್ಲಿರುವ ಶಕ್ತಿ ತಿಳಿಯಲು ಬಳ್ಳಾರಿಯ ಕೌಲ್ ಬಜಾರಿನಲ್ಲಿ ಒಂದು ಚಿತ್ರ ತೆಗೆದರೆಂದು ಇಟ್ಟುಕೊಳ್ಳಬಹುದು. ಜೀನ್ಸ್ ಹೊಲಿಯುವ ಮನೆ. ಮೊದಲು ಮಿಷನ್ನಿನ ಕಟಕಟ ಸದ್ದು, ತೆರೆ ಇನ್ನೂ ಕಪ್ಪು. ಆಮೇಲೆ ನೀಲಿ ಬಣ್ಣ ಹತ್ತಿದ ಬೆರಳು, ಕೊನೆಗೆ ಮುಖ. ಮುಖವನ್ನೇ ಮೊದಲು ತೋರಿಸಿದ್ದರೆ ಆ ಬೆರಳನ್ನು ಯಾರೂ ಗಮನಿಸುತ್ತಿರಲಿಲ್ಲ.

ಇನ್ನೊಂದು ಪ್ರಸಂಗ ಅದಿರು ಲಾರಿ ಓಡಾಡುವ ರಸ್ತೆಯದು. “ಧೂಳು ಭಾಳ ಐತ್ರಿ, ಆದ್ರ ಲಾರಿ ನಿಂತ್ರ ನಮ್ಮ ಮನ್ಯಾಗ ಒಲಿ ಹತ್ತಂಗಿಲ್ಲ” ಎಂದು ಒಬ್ಬಾಕೆ ಹೇಳುತ್ತಾಳೆ. “ಐತ್ರಿ” ಎನ್ನುವಲ್ಲಿ ಕತ್ತರಿ ಬಿದ್ದರೆ ಅದು ಗಣಿಯ ಮೇಲಿನ ದೂರು. ಮೊದಲರ್ಧ ಹೋದರೆ ಗಣಿಯ ಪರವಾದ ಸಾಕ್ಷಿ. ಎರಡೂ ಆಕೆಯ ಮಾತೇ, ಎರಡೂ ಆಕೆ ಹೇಳಿದ್ದಲ್ಲ. ಕತ್ತರಿಸಿದ ಜಾಗದ ಮೇಲೆ ಲಾರಿಯ ಒಂದು ಶಾಟ್ ಹಾಕಿದರೆ ನೋಡುಗರಿಗೆ ಗೊತ್ತೂ ಆಗುವುದಿಲ್ಲ. ಅದಕ್ಕೇ ಒಳ್ಳೆಯ ಎಡಿಟರ್‌ಗಳು ಕೊನೆಯ ಪ್ರತಿ ಅಂತಿಮಗೊಳಿಸುವ ಮುನ್ನ ಕತ್ತರಿಸಿದ ಮಾತಿನ ಹಿಂದುಮುಂದನ್ನು ಮೂಲ ಚಿತ್ರೀಕರಣದಲ್ಲಿ ಮತ್ತೊಮ್ಮೆ ನೋಡಿಕೊಳ್ಳುತ್ತಾರೆ.