ಗೆದ್ದ ಮೇಲೂ ಸೀಟು ಕಳೆಯುವ ‘ವ್ಯಾಲಿಡಿಟಿ’ ಗಡುವು

ಸಾಂಗ್ಲಿ ಜಿಲ್ಲೆಯ ಜತ್, ಸೋಲಾಪುರ ಜಿಲ್ಲೆಯ ಅಕ್ಕಲಕೋಟೆ. ಈ ತಾಲ್ಲೂಕುಗಳಲ್ಲಿ ಮನೆಮಾತು ಕನ್ನಡ ಆಗಿರೋ ಹಳ್ಳಿಗಳು ಬಹಳ ಇವೆ. ಪಂಚಾಯ್ತಿ ಕಾನೂನು ಮಾತ್ರ ಮಹಾರಾಷ್ಟ್ರದ್ದು. ಅಲ್ಲಿ ಮೀಸಲು ಸೀಟಿನಿಂದ ಗೆದ್ದವರು ಲಂಚ ತಿನ್ನದೆ, ಸುಳ್ಳು ಹೇಳದೆ, ಒಂದು ಕಾಗದ ಹೊತ್ತಿಗೆ ಸರಿಯಾಗಿ ಬರಲಿಲ್ಲ ಅಂತ ಸದಸ್ಯತ್ವ ಕಳ್ಕೊಳ್ತಾರೆ. ಅದು ಹೇಗೆ ಅಂತ ಇವತ್ತು ನೋಡೋಣ.

ಅಲ್ಲಿ ಕಾಗದ ಎರಡು. ಮೊದಲನೇದು ಜಾತಿ ಪ್ರಮಾಣಪತ್ರ, ಅದನ್ನ ಕಂದಾಯ ಅಧಿಕಾರಿ ಕೊಡ್ತಾರೆ. ಎರಡನೇದು, ಆ ಪತ್ರ ನಿಜ ಅಂತ ಪರಿಶೀಲನಾ ಸಮಿತಿ ಕೊಡೋ ಸಿಂಧುತ್ವ ಪತ್ರ. ಊರಲ್ಲಿ ಎಲ್ಲರೂ ‘ವ್ಯಾಲಿಡಿಟಿ’ ಅಂತಾರೆ. 1958ರ ಗ್ರಾಮ ಪಂಚಾಯ್ತಿ ಕಾಯ್ದೆಯ ಕಲಂ 10-1ಅ ಪ್ರಕಾರ ಮೀಸಲು ಸೀಟಿಗೆ ನಿಲ್ಲೋರು ನಾಮಪತ್ರದ ಜೊತೆಗೇ ಎರಡನ್ನೂ ಕೊಡಬೇಕು. ವ್ಯಾಲಿಡಿಟಿ ಇನ್ನೂ ಬಂದಿಲ್ಲ ಅಂದ್ರೆ, ಸಮಿತಿಗೆ ಅರ್ಜಿ ಹಾಕಿರೋ ರಸೀದಿ ತೋರಿಸಿ, ಗೆದ್ದ ಮೇಲೆ ಇಷ್ಟು ದಿನದೊಳಗೆ ತಂದುಕೊಡ್ತೀನಿ ಅಂತ ಮುಚ್ಚಳಿಕೆ ಬರೆದುಕೊಡಬಹುದು. ಮೊದಲು ಆ ಗಡುವು ಆರು ತಿಂಗಳಿತ್ತು.

ಗಡುವು ದಾಟಿದರೆ ಸೀಟು ಹೋಗೋದು ಅವತ್ತಿನಿಂದ ಅಲ್ಲ, ಹಿಂದಿನಿಂದಲೇ. ಗೆದ್ದೇ ಇರಲಿಲ್ಲ ಅನ್ನೋ ಲೆಕ್ಕ.

ಇಷ್ಟು ಬಿಗಿ ಯಾಕೆ ಅಂತ ಕೇಳಿದರೆ ಕಾರಣ ಇದೆ, ಅದನ್ನ ಹಗುರವಾಗಿ ತಗೋಬಾರದು. 1994ರಲ್ಲಿ ಸುಪ್ರೀಂ ಕೋರ್ಟಿಗೆ ಬಂದ ಮಾಧುರಿ ಪಾಟೀಲ್ ಪ್ರಕರಣ, ಮಹಾದೇವ ಕೋಳಿ ಅನ್ನೋ ಪರಿಶಿಷ್ಟ ಪಂಗಡದ ಹೆಸರಲ್ಲಿ ವೃತ್ತಿಶಿಕ್ಷಣದ ಸೀಟು ಪಡೆದ ವಿಚಾರ. ಪ್ರತಿ ರಾಜ್ಯದಲ್ಲೂ ಪರಿಶೀಲನಾ ಸಮಿತಿ ಇರಲಿ, ತನಿಖೆಗೆ ಪೊಲೀಸ್ ಅಧಿಕಾರಿಗಳ ದಳ ಇರಲಿ ಅಂತ ಕೋರ್ಟ್ ಹೇಳಿದ್ದು ಆಗಲೇ. ಸುಳ್ಳು ಪತ್ರ ಹಿಡಿದು ಗೆದ್ದವನ ಮೇಲೆ ಕೇಸು ನಡೀತಾ ನಡೀತಾ ಐದು ವರ್ಷ ಮುಗಿದುಹೋದರೆ, ಆ ಸೀಟಿನ ನಿಜವಾದ ಹಕ್ಕುದಾರರಿಗೆ ಸಿಗೋದು ಏನೂ ಇಲ್ಲ. ಗಡುವು ಹುಟ್ಟಿದ್ದು ಈ ಅನ್ಯಾಯ ತಡೆಯೋಕೆ.

ಆದರೆ ಆ ಗಡುವಿನ ಏಟು ಬೀಳ್ತಿರೋದು ಯಾರ ಮೇಲೆ? ಸಮಿತಿ ಕೇಳೋ ದಾಖಲೆಗಳನ್ನ ನೋಡಿ, ಗೊತ್ತಾಗುತ್ತೆ. ಪರಿಶಿಷ್ಟ ಜಾತಿಯವರಿಗೆ 1950ರ ಆಗಸ್ಟ್ 10ಕ್ಕಿಂತ ಮುಂಚಿನದು, ಅಲೆಮಾರಿ ಮತ್ತು ವಿಮುಕ್ತ ಜಾತಿಗಳಿಗೆ 1961ರ ನವೆಂಬರ್ 21ಕ್ಕಿಂತ ಮುಂಚಿನದು, ಹಿಂದುಳಿದ ವರ್ಗದವರಿಗೆ 1967ರ ಅಕ್ಟೋಬರ್ 13ಕ್ಕಿಂತ ಮುಂಚಿನದು. ಅಜ್ಜನ ಶಾಲೆ ದಾಖಲಾತಿ, ಜನನ-ಮರಣದ ಹಳೇ ರಿಜಿಸ್ಟರ್, ಜಮೀನಿನ ಪತ್ರ. ಜಮೀನೇ ಇಲ್ಲದವರು, ಶಾಲೆ ಮೆಟ್ಟಿಲೇ ಹತ್ತದವರು ಏನು ತರಬೇಕು? ಕತ್ತೆ ಮೇಲೆ ಸಂಸಾರ ಹೇರಿಕೊಂಡು ಊರೂರು ತಿರುಗಿದ ಜನರ ಹೆಸರು 1961ಕ್ಕೆ ಮುಂಚೆ ಯಾವ ಊರಿನ ರಿಜಿಸ್ಟರಿನಲ್ಲಿ ಸಿಗುತ್ತೆ? ಮೀಸಲಾತಿ ಯಾರಿಗೆ ಹೆಚ್ಚು ಬೇಕೋ, ಅವರ ಹತ್ತಿರವೇ ಕಾಗದ ಕಮ್ಮಿ.

ಹೆಣ್ಣುಮಕ್ಕಳಿಗಂತೂ ಇದು ಇನ್ನೂ ಕಷ್ಟ. ಮಹಾರಾಷ್ಟ್ರದ ಪಂಚಾಯ್ತಿಗಳಲ್ಲಿ ಅರ್ಧ ಸೀಟು ಮಹಿಳೆಯರದು. ಗಂಡನ ಮನೆಯ ಜಾತಿ ದಾಖಲೆ ಅವರಿಗೆ ನಡೆಯಲ್ಲ, ತಂದೆ ಕಡೆಯದೇ ಬೇಕು. ಅಂದ್ರೆ ಸೀಟಿಗೆ ಮೀಸಲಾತಿ ಪ್ರಕಟ ಆದಮೇಲೆ ಮನೆಯವರು ಸೊಸೆಯನ್ನ ನಿಲ್ಲಿಸೋಣ ಅಂತ ಮಾತಾಡಿಕೊಳ್ತಾರೆ, ತವರೂರಿನ ಶಾಲೆಗೆ ಓಡಾಟ ಶುರುವಾಗೋದು ಆಗ. ತವರು ಗಡಿಯಾಚೆ ಇದ್ದರೆ ದಾರಿಯೇ ಮುಚ್ಚಿಹೋಗಬಹುದು. ಯಾಕಂದ್ರೆ ಒಂದು ರಾಜ್ಯದ ಪರಿಶಿಷ್ಟ ಜಾತಿ, ಪಂಗಡದ ಸ್ಥಾನಮಾನ ವಲಸೆ ಹೋದ ರಾಜ್ಯಕ್ಕೆ ಜೊತೆಗೆ ಬರಲ್ಲ ಅಂತ 1990ರಲ್ಲೇ ಸುಪ್ರೀಂ ಕೋರ್ಟ್ ಹೇಳಿಬಿಟ್ಟಿದೆ.

ಸಮಿತಿಯೇ ತಡ ಮಾಡಿದರೆ? ಇದೇ ಪ್ರಶ್ನೆ ಕೋರ್ಟಿಗೆ ಹೋಯ್ತು. 2016ರಲ್ಲಿ ಬಾಂಬೆ ಹೈಕೋರ್ಟಿನ ಪೂರ್ಣಪೀಠ, ಗಡುವು ಕಡ್ಡಾಯ, ಆಮೇಲೆ ವ್ಯಾಲಿಡಿಟಿ ಬಂದರೂ ಹೋದ ಸೀಟು ಮರಳಲ್ಲ ಅಂತ ತೀರ್ಪು ಕೊಟ್ಟಿತು. 2018ರ ಆಗಸ್ಟ್‌ನಲ್ಲಿ ಕೊಲ್ಹಾಪುರ ಪಾಲಿಕೆ ಸದಸ್ಯರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿಯಿತು. ಆಗ ಸರ್ಕಾರ ಎಚ್ಚೆತ್ತು ಆರು ತಿಂಗಳನ್ನ ಹನ್ನೆರಡು ಮಾಡ್ತು. ಅದೂ ಸಾಲಲಿಲ್ಲ. 2021ರ ಜನವರಿಯಲ್ಲಿ 14 ಸಾವಿರಕ್ಕೂ ಹೆಚ್ಚು ಪಂಚಾಯ್ತಿಗಳಿಗೆ ಚುನಾವಣೆ ನಡೀತು. ಕೋವಿಡ್ ಕಾಲ ಬೇರೆ. ಕೊನೆಗೆ 2023ರಲ್ಲಿ ತಾತ್ಕಾಲಿಕ ಕಾಯ್ದೆ ತಂದು, ಇನ್ನೊಂದು ಹನ್ನೆರಡು ತಿಂಗಳು ಕೊಡಬೇಕಾಯ್ತು.

ನನ್ನ ತಕರಾರು ಇಲ್ಲೇ. ಸುಳ್ಳು ಜಾತಿ ಹೇಳಿದವನಿಗೂ, ಅರ್ಜಿ ಹಾಕಿ ಎಲ್ಲ ದಾಖಲೆ ಕೊಟ್ಟು ಸಮಿತಿ ಬಾಗಿಲಲ್ಲಿ ಕಾದವಳಿಗೂ ಶಿಕ್ಷೆ ಒಂದೇ ಆಗಬಾರದು. ತಡ ಯಾರದು ಅಂತ ಕೇಳದೆ ಸೀಟು ಕಿತ್ತುಕೊಂಡರೆ, ಅವಳ ಜೊತೆ ಅವಳಿಗೆ ಓಟು ಹಾಕಿದ ವಾರ್ಡಿನ ಜನಕ್ಕೂ ಶಿಕ್ಷೆ. ಗಡುವು ಹಾಕಲೇಬೇಕು ಅಂದ್ರೆ ಸಮಿತಿಗೂ ಹಾಕಲಿ. ಅಷ್ಟರೊಳಗೆ ತೀರ್ಮಾನ ಆಗದಿದ್ದರೆ ಗೆದ್ದವರ ಸೀಟು ತೀರ್ಮಾನದವರೆಗೆ ಉಳಿಯಲಿ.

ಕಾನೂನು ಬದಲಾಗೋವರೆಗೆ ಆ ಭಾಗದ ಕೇಳುಗರಿಗೆ ಒಂದು ಮಾತು. ಮುಂದಿನ ಚುನಾವಣೆಗೆ ನಿಲ್ಲೋ ಯೋಚನೆ ಇದ್ದರೆ, ಮೀಸಲಾತಿ ಪಟ್ಟಿಗೆ ಕಾಯದೆ ಈಗಲೇ ಅಜ್ಜನ ಶಾಲೆ ದಾಖಲಾತಿ ಹುಡುಕಿಸಿ. ಅಪ್ಪ, ಅಣ್ಣ, ಚಿಕ್ಕಪ್ಪ ಯಾರಿಗಾದರೂ ವ್ಯಾಲಿಡಿಟಿ ಸಿಕ್ಕಿದ್ದರೆ ಅದರ ಪ್ರತಿ ಜೊತೆಗಿಡಿ, ಅದು ಬಲವಾದ ಸಾಕ್ಷಿ. ಅರ್ಜಿಯ ರಸೀದಿ ಜೋಪಾನ. ಗೆದ್ದಮೇಲೆ ಸಮಿತಿ ಸುಮ್ಮನೆ ಕೂತಿದ್ದರೆ ಬಾಯಿಮಾತಲ್ಲಿ ಕೇಳಬೇಡಿ, ಬರೆದು ಕೇಳಿ, ಸ್ವೀಕೃತಿ ತಗೊಳ್ಳಿ. ಬೇಗ ತೀರ್ಮಾನಿಸಿ ಅಂತ ಸಮಿತಿಗೆ ಹೇಳಿಸೋಕೆ ಹೈಕೋರ್ಟಿಗೆ ಹೋಗೋದಾದ್ರೆ ಗಡುವು ಮುಗಿಯೋಕೆ ಮುಂಚೆಯೇ ಹೋಗಿ.