ತೆಂಜಿಕುವಿನಿಂದ ಬಂದವರು

ಕಾಲೇಜಿನಲ್ಲಿ ಚರಿತ್ರೆಯನ್ನು ಬೋಧಿಸುವ ನಮಗೆ ವಿದ್ಯಾರ್ಥಿಗಳ ಉತ್ತರಗಳಲ್ಲಿ ಒಂದು ವಾಕ್ಯವು ವರ್ಷವರ್ಷವೂ ಎದುರಾಗುತ್ತದೆ: ಪೋರ್ಚುಗೀಸರು ೧೫೪೩ರಲ್ಲಿ ಜಪಾನನ್ನು ಕಂಡುಹಿಡಿದರು. ಇದಕ್ಕೆ ನಾವು ಅಂಕಗಳನ್ನು ಕೊಡುತ್ತೇವೆ. ಪಠ್ಯಪುಸ್ತಕವೂ ಹಾಗೆಯೇ ಹೇಳುವುದರಿಂದ ಕೊಡದೆ ವಿಧಿಯಿಲ್ಲ. ಆದರೆ ಅಂದು ಕಂಡವರು ಯಾರು, ಕಾಣಿಸಿಕೊಂಡವರು ಯಾರು ಎಂಬುದನ್ನು ಜಪಾನಿನ ದಡದ ಮೇಲೆ ನಿಂತು ನೋಡಿದರೆ ಕಥೆಯು ಬೇರೆಯಾಗಿಯೇ ತೋರುತ್ತದೆ. ಈ ಹೊತ್ತು ಶ್ರೋತೃಗಳನ್ನು ಆ ದಡಕ್ಕೆ ಕರೆದೊಯ್ಯಬೇಕೆಂದು ನಮ್ಮ ಆಶೆ. ಆ ಕಥೆಯಲ್ಲಿ ನಮ್ಮ ದೇಶದ ಹೆಸರೂ ಒಂದು ಪಾತ್ರವನ್ನು ವಹಿಸಿತು. ದೇಶದವರಿಗೆ ಮಾತ್ರ ಅದರ ಸುದ್ದಿಯೇ ಇರಲಿಲ್ಲ.

ಜಪಾನಿನ ದಕ್ಷಿಣದ ತುದಿಗೆ ತನೆಗಶಿಮಾ ಎಂಬ ದ್ವೀಪವಿದೆ. ಪೋರ್ಚುಗೀಸರು ಅಲ್ಲಿಗೆ ಬಂದದ್ದು ತಮ್ಮ ಹಡಗಿನಲ್ಲಿ ಅಲ್ಲ. ಚೀನೀ ಹಡಗೊಂದರಲ್ಲಿ, ಬರಿಯ ಪ್ರಯಾಣಿಕರಾಗಿ. ಅವರ ಮಾತು ದ್ವೀಪದವರಿಗೆ ತಿಳಿಯದು. ಹಡಗಿನಲ್ಲಿದ್ದ ಚೀನೀ ವಿದ್ವಾಂಸನೊಬ್ಬನೂ ಊರಿನ ಮುಖಂಡನೂ ಕೋಲಿನಿಂದ ಮರಳಿನ ಮೇಲೆ ಅಕ್ಷರಗಳನ್ನು ಬರೆದು ಸಂಭಾಷಿಸಿದರೆಂದು ೧೬೦೬ರ ಜಪಾನೀ ವೃತ್ತಾಂತವೊಂದು ಹೇಳುತ್ತದೆ. ನುಡಿ ಬೇರೆಯಾದರೂ ಅವರಿಬ್ಬರಿಗೂ ಲಿಪಿ ಒಂದೇ. ಚೀನೀಯನು ತನ್ನ ಸಹಪ್ರಯಾಣಿಕರ ಪರಿಚಯವನ್ನು ಮಾಡಿಕೊಟ್ಟ ಬಗೆ ಸೊಗಸಾಗಿದೆ: ಇವರು ನೈಋತ್ಯದ ಮ್ಲೇಚ್ಛರು, ವರ್ತಕರು, ಕಡ್ಡಿಗಳನ್ನರಿಯದೆ ಕೈಯಿಂದಲೇ ಉಣ್ಣುವವರು, ಬರೆದ ಅಕ್ಷರದ ಅರ್ಥವನ್ನು ತಿಳಿಯರು, ಆದರೂ ಇವರಿಂದ ಭಯವಿಲ್ಲ. ಕೈಯಿಂದ ಉಣ್ಣುವುದೇ ಮ್ಲೇಚ್ಛಲಕ್ಷಣವಾದರೆ ನಮ್ಮ ಗತಿಯೇನೆಂದು ತಾವು ನಗಬಹುದು. ಇರಲಿ. ದ್ವೀಪದ ಒಡೆಯನು ಆ ವರ್ತಕರಲ್ಲಿದ್ದ ಕೋವಿಗಳನ್ನು ಕೊಂಡು, ತನ್ನ ಕಮ್ಮಾರರಿಂದ ಅಂಥವನ್ನೇ ಮಾಡಿಸಿದನು. ಮೂವತ್ತೆರಡು ವರ್ಷಗಳ ಮೇಲೆ ನಾಗಶಿನೋ ಯುದ್ಧದಲ್ಲಿ ಜಪಾನೀ ಕೋವಿಗಳು ಸಾಲುಸಾಲಾಗಿ ಸಿಡಿದುವು.

ಕೋವಿಗೆ ದುಭಾಷಿ ಬೇಕಾಗಲಿಲ್ಲ. ಮತಕ್ಕೆ ಬೇಕಾಯಿತು.

ಆ ದುಭಾಷಿಯ ಹೆಸರು ಅಂಜಿರೋ. ಕಗೋಶಿಮಾ ಪಟ್ಟಣದವನು, ಯಾರನ್ನೋ ಕೊಂದು, ಪೋರ್ಚುಗೀಸ್ ಹಡಗನ್ನೇರಿ ತಲೆಮರೆಸಿಕೊಂಡವನು. ೧೫೪೭ರಲ್ಲಿ ಮಲಾಕಾ ಪಟ್ಟಣದಲ್ಲಿ ಫ್ರಾನ್ಸಿಸ್ ಕ್ಸೇವಿಯರ್ ಪಾದ್ರಿಗೆ ಇವನ ಭೇಟಿಯಾಯಿತು. ಪಾದ್ರಿಯು ಇವನನ್ನು ಗೋವೆಗೆ, ಎಂದರೆ ನಮ್ಮ ಉತ್ತರ ಕನ್ನಡ ಜಿಲ್ಲೆಯ ಗಡಿಗೆ ತಾಗಿದ ಊರಿಗೆ, ಕರೆಯಿಸಿಕೊಂಡನು. ೧೫೪೮ರಲ್ಲಿ ಅಂಜಿರೋ ಅಲ್ಲಿ ದೀಕ್ಷಾಸ್ನಾನವನ್ನು ಪಡೆದು, ಪೋರ್ಚುಗೀಸ್ ಭಾಷೆಯನ್ನು ಕಲಿತನು. ಚುರುಕಾದ ಮನುಷ್ಯ, ಆದರೆ ತನ್ನ ದೇಶದ ಶಾಸ್ತ್ರಗಳನ್ನು ಓದಿದವನಲ್ಲ. ಮರುವರ್ಷ ಆಗಸ್ಟ್ ೧೫ರಂದು ಕ್ಸೇವಿಯರನು ಅವನೊಡನೆ ಕಗೋಶಿಮಾದಲ್ಲಿ ಇಳಿದನು. ಕಂಡ ಜನರನ್ನು ಮನಸಾರೆ ಮೆಚ್ಚಿ, ಇದುವರೆಗೆ ಗೊತ್ತಾದ ಅನ್ಯಮತೀಯರಲ್ಲಿ ಇವರೇ ಶ್ರೇಷ್ಠರೆಂದು ಕಾಗದ ಬರೆದನು.

ಈಗ ಜಪಾನೀಯರು ಏನನ್ನು ಕಂಡರೆಂಬುದನ್ನು ನೋಡೋಣ. ಅವರ ಹಳೆಯ ಕಲ್ಪನೆಯಲ್ಲಿ ಪ್ರಪಂಚವೆಂದರೆ ಮೂರು ದೇಶಗಳು: ತಮ್ಮದು, ಚೀನಾ, ಮತ್ತು ತೆಂಜಿಕು. ತೆಂಜಿಕು ಎಂದರೆ ಭಾರತ, ಬುದ್ಧನು ಹುಟ್ಟಿದ ನಾಡು. ಈ ಹೊಸ ಸಂನ್ಯಾಸಿಯು ಗೋವೆಯಿಂದ ಬಂದವನು, ಬ್ರಹ್ಮಚಾರಿ, ಜಪಮಾಲೆ ಹಿಡಿದವನು, ಸ್ವರ್ಗನರಕಗಳನ್ನು ಕುರಿತು ಉಪದೇಶಿಸುವವನು. ಇವನು ತೆಂಜಿಕುವಿನಿಂದ ಬಂದ ಬೌದ್ಧ ಗುರುವಲ್ಲದೆ ಮತ್ತಾರು? ಇದರ ಮೇಲೆ ಅಂಜಿರೋ ಮಾಡಿದ ಭಾಷಾಂತರ. ದೇವರೆಂಬುದಕ್ಕೆ ಅವನು ಆರಿಸಿದ ಮಾತು ‘ದೈನಿಚಿ’. ಮಹಾಸೂರ್ಯನೆಂದು ಅದರ ಅರ್ಥ. ಶಿಂಗೋನ್ ಪಂಥದವರು ಪರತತ್ತ್ವವೆಂದು ಧ್ಯಾನಿಸುವ ಮಹಾವೈರೋಚನ ಬುದ್ಧನ ಜಪಾನೀ ಹೆಸರೇ ಇದು. ನಮ್ಮ ಪುರಾಣಗಳಲ್ಲಿ ಬಲಿಯ ತಂದೆಯಾದ ವಿರೋಚನನ ಹೆಸರೂ ಇದೇ ಧಾತುವಿನಿಂದ ಹುಟ್ಟಿದ್ದು. ಸಂಸ್ಕೃತದ ಶಬ್ದವೊಂದು ಚೀನಾ ಮಾರ್ಗವಾಗಿ ಜಪಾನಿಗೆ ಹೋಗಿ, ಅಲ್ಲಿ ಕ್ರೈಸ್ತರ ದೇವರಿಗೆ ಹೆಸರಾಗಿ ನಿಂತಿತು. ಸ್ಪೇನಿನಲ್ಲಿ ಹುಟ್ಟಿ ಪ್ಯಾರಿಸ್ಸಿನಲ್ಲಿ ತತ್ತ್ವಶಾಸ್ತ್ರವನ್ನು ಓದಿದ ಪಾದ್ರಿಯು ಬೀದಿಬೀದಿಯಲ್ಲಿ ದೈನಿಚಿಯನ್ನು ಪೂಜಿಸಿರೆಂದು ಸಾರುತ್ತ ನಡೆದನು!

ಶಿಂಗೋನ್ ಭಿಕ್ಷುಗಳಿಗೆ ಇದರಿಂದ ಸಂತೋಷವಾದುದು ಸಹಜವೇ. ಯಾಮಗುಚಿ ಪಟ್ಟಣದಲ್ಲಿ ಅವರು ಕ್ಸೇವಿಯರನನ್ನು ತಮ್ಮವನೆಂದೇ ಆದರಿಸಿದರು. ಆ ಆದರವೇ ಅವನಿಗೆ ಸಂಶಯವನ್ನು ತಂದಿತು. ತ್ರಿಮೂರ್ತಿಯಾದ ದೇವರನ್ನೂ, ದೇವಪುತ್ರನು ಮನುಷ್ಯನಾಗಿ ಅವತರಿಸಿದುದನ್ನೂ ಕುರಿತು ಪ್ರಶ್ನಿಸಿದಾಗ ಅವರಿಗೆ ಅದೆಲ್ಲ ಕಟ್ಟುಕಥೆಯಾಗಿ ಕಂಡಿತು. ತಪ್ಪು ತಿಳಿದೊಡನೆ ಪಾದ್ರಿಯು ತನ್ನ ಸಂಗಡಿಗ ಫೆರ್ನಾಂಡಿಸನನ್ನು ಬೀದಿಗೆ ಕಳುಹಿಸಿ, ದೈನಿಚಿಯನ್ನು ಪೂಜಿಸಬೇಡಿರೆಂದು ಕೂಗಿಸಿದನು. ನಿನ್ನೆಯವರೆಗೆ ಪೂಜಿಸಿರೆಂದವರೇ ಇಂದು ಬೇಡವೆಂದರೆ ಕೇಳಿದವರು ಏನೆಂದುಕೊಂಡಾರು! ಅಂದಿನಿಂದ ‘ದೇವುಸ್’ ಎಂಬ ಲ್ಯಾಟಿನ್ ಶಬ್ದವನ್ನೇ ಬಳಸುವುದೆಂದಾಯಿತು. ವಿರೋಧಿಗಳು ಅದನ್ನು ‘ದೈ ಉಸೋ’ ಎಂದು ತಿರುಚಿದರು. ಹಾಗೆಂದರೆ ದೊಡ್ಡ ಸುಳ್ಳು. ಕೆಲವು ವರ್ಷಗಳ ಮೇಲೆ, ೧೫೫೫ರಲ್ಲಿ, ಗಾಗೋ ಎಂಬ ಪಾದ್ರಿಯು ಲೆಕ್ಕ ನೋಡಲಾಗಿ ತಮ್ಮ ಉಪದೇಶದೊಳಗೆ ಇಂಥ ಬೌದ್ಧ ಶಬ್ದಗಳು ಐವತ್ತಕ್ಕೂ ಮಿಕ್ಕಿದ್ದುವಂತೆ.

ಅಂಜಿರೋವನ್ನು ಹಳಿಯುವುದು ಸುಲಭ. ಇಂಗ್ಲಿಷಿನ ಶಾಸ್ತ್ರಗ್ರಂಥವನ್ನು ಕನ್ನಡಿಸಲು ಕುಳಿತವರಾರೂ ಅವನನ್ನು ಹಳಿಯಲಾರರೆಂದು ನಮಗೆ ತೋರುತ್ತದೆ. ಬಳಕೆಯ ಶಬ್ದವನ್ನು ಹಾಕಿದರೆ ಅದರ ಹಳೆಯ ಅರ್ಥವೆಲ್ಲ ಜೊತೆಗೆ ಬರುತ್ತದೆ. ಪರಭಾಷೆಯ ಶಬ್ದವನ್ನೇ ಉಳಿಸಿದರೆ ಕೇಳುವವರಿಗೆ ಬರಿಯ ಸದ್ದು. ಆ ಬಡಪಾಯಿಯು ಕೊನೆಗೆ ಊರು ಬಿಟ್ಟು, ಕಡಲುಗಳ್ಳರೊಡನೆ ಸೇರಿ, ಚೀನಾ ದೇಶದ ಕರಾವಳಿಯಲ್ಲಿ ಸತ್ತನೆಂದು ಅಂದಿನ ಜೆಸುಯಿಟ್ ಬರಹಗಳಲ್ಲಿದೆ.

ಶಬ್ದವನ್ನು ತಿದ್ದಿದರೂ ಕಲ್ಪನೆಯು ಅಳಿಸಲಿಲ್ಲ. ಕ್ಸೇವಿಯರನು ಹೊರಟುಹೋದ ಮೇಲೆ, ೧೫೫೨ರಲ್ಲಿ ಯಾಮಗುಚಿಯ ಒಡೆಯನು ಪಾದ್ರಿಗಳಿಗೆ ನಿವೇಶನವನ್ನು ಕೊಟ್ಟ ಸನ್ನದಿನಲ್ಲಿ, ಪಶ್ಚಿಮ ದೇಶದಿಂದ ಬಂದ ಈ ಭಿಕ್ಷುಗಳು ಬುದ್ಧಧರ್ಮವನ್ನು ಪ್ರಸಾರಮಾಡಲು ವಿಹಾರವನ್ನು ಕಟ್ಟಿಕೊಳ್ಳಬಹುದೆಂದೇ ಬರೆದಿದೆ. ಮುಂದಿನ ಕಥೆ ಶ್ರೋತೃಗಳಿಗೆ ಗೊತ್ತಿರಬಹುದು: ೧೬೧೪ರಲ್ಲಿ ಕ್ರೈಸ್ತ ಮತದ ನಿಷೇಧ, ೧೬೩೯ರಲ್ಲಿ ಪೋರ್ಚುಗೀಸ್ ಹಡಗುಗಳಿಗೆ ಬಾಗಿಲು ಬಂದ್.

ಚೀನಾ ದೇಶದಲ್ಲಿ ಇದೇ ವೇಷವನ್ನು ಪಾದ್ರಿಗಳು ತಿಳಿದೇ ತೊಟ್ಟರು. ಇಟಲಿಯವರಾದ ರುಜ್ಜಿಯೇರಿ, ರಿಚ್ಚಿ ಎಂಬಿಬ್ಬರು ೧೫೮೩ರಲ್ಲಿ ಚಾವೊಚಿಂಗ್ ಪಟ್ಟಣವನ್ನು ಸೇರಿದರು. ರಿಚ್ಚಿಯೂ ಗೋವೆ ಕೊಚ್ಚಿಗಳಲ್ಲಿ ಮೂರು ನಾಲ್ಕು ವರ್ಷ ಇದ್ದು ಬಂದವನೇ. ಇಬ್ಬರೂ ತಲೆಗಡ್ಡಗಳನ್ನು ಬೋಳಿಸಿ ಭಿಕ್ಷುಗಳ ನಿಲುವಂಗಿಯನ್ನು ತೊಟ್ಟರು. ಊರ ಅಧಿಕಾರಿಯು ಪ್ರೀತಿಯಿಂದ ಅವರ ಮನೆಗೆ ಎರಡು ಹಲಗೆಗಳನ್ನು ಬರೆಯಿಸಿಕೊಟ್ಟನು. ಒಂದರಲ್ಲಿ ಅದನ್ನು ಬೌದ್ಧ ದೇವಾಲಯವೆಂದು ಕರೆದಿತ್ತು. ಇನ್ನೊಂದರಲ್ಲಿ ಪಶ್ಚಿಮದಿಂದ ಬಂದ ಸುಖಾವತಿಯ ಮಾತಿತ್ತು. ಮರುವರ್ಷ ರುಜ್ಜಿಯೇರಿಯು ಅಚ್ಚು ಹಾಕಿಸಿದ ಮತಗ್ರಂಥದಲ್ಲಿ ಕರ್ತೃವನ್ನು ‘ತಿಯೆನ್‌ಚು ದೇಶದ ಭಿಕ್ಷು’ ಎಂದೇ ಕಾಣಿಸಿದೆ. ತಿಯೆನ್‌ಚು ಎಂಬುದು ಭಾರತಕ್ಕೆ ಚೀನೀಯರ ಹಳೆಯ ಹೆಸರು. ಜಪಾನೀಯರ ತೆಂಜಿಕು ಅದೇ. ಆ ಗ್ರಂಥದಲ್ಲಿ ದೇವರಿಗೆ ಇಟ್ಟ ಹೆಸರೂ ತಿಯೆನ್‌ಚು, ಎಂದರೆ ಆಕಾಶದ ಒಡೆಯ. ಲಿಪಿ ಬೇರೆ, ಸ್ವರದ ಏರಿಳಿತ ಬೇರೆ. ನಮ್ಮಂಥವರ ಕಿವಿಗೆ ಎರಡೂ ಒಂದೇ.

ಹನ್ನೆರಡು ವರ್ಷ ಹೀಗಿದ್ದ ಮೇಲೆ ರಿಚ್ಚಿಯು, ಆ ದೇಶದ ವಿದ್ವಾಂಸರು ಭಿಕ್ಷುಗಳನ್ನು ಲಕ್ಷ್ಯಕ್ಕೆ ತರುವುದಿಲ್ಲವೆಂಬುದನ್ನು ಮನಗಂಡನು. ೧೫೯೫ರಲ್ಲಿ ಗಡ್ಡ ಬಿಟ್ಟು, ರೇಷ್ಮೆಯ ಪಂಡಿತವೇಷವನ್ನು ಧರಿಸಿ, ಕನ್ಫ್ಯೂಷಿಯಸನ ಗ್ರಂಥಗಳನ್ನು ಆಧಾರವಾಗಿಟ್ಟುಕೊಂಡು ವಾದಿಸತೊಡಗಿದನು; ಬೌದ್ಧರನ್ನು ಖಂಡಿಸಿದನು. ಫಲವೂ ದೊರೆಯಿತು. ೧೬೦೧ರಲ್ಲಿ ಪೀಕಿಂಗ್ ನಗರದಲ್ಲಿ ನೆಲಸಿ, ಮರುವರ್ಷ ಚೀನೀ ಭಾಷೆಯಲ್ಲಿ ಪ್ರಪಂಚದ ಭೂಪಟವನ್ನೂ, ೧೬೦೭ರಲ್ಲಿ ಷು ಕ್ವಾಂಗ್‌ಚಿ ಎಂಬ ಮಹಾ ಪಂಡಿತನೊಡನೆ ಯೂಕ್ಲಿಡನ ಮೊದಲ ಆರು ಅಧ್ಯಾಯಗಳನ್ನೂ ಪ್ರಕಟಿಸಿದನು. ೧೬೧೦ರಲ್ಲಿ ಅವನು ತೀರಿಕೊಂಡಾಗ ಚಕ್ರವರ್ತಿಯೇ ಸಮಾಧಿಗೆ ಭೂಮಿಯನ್ನು ಕೊಟ್ಟನು.

ಆದರೆ ರೋಮಿನಲ್ಲಿ ಚರ್ಚೆಯು ನಿಲ್ಲಲಿಲ್ಲ. ಕ್ರೈಸ್ತರಾದ ಚೀನೀಯರು ಪಿತೃಗಳಿಗೂ ಕನ್ಫ್ಯೂಷಿಯಸನಿಗೂ ಗೌರವ ಸಲ್ಲಿಸಬಹುದೇ, ದೇವರಿಗೆ ಅವರ ಪ್ರಾಚೀನ ಶಬ್ದಗಳನ್ನು ಬಳಸಬಹುದೇ ಎಂದು ನೂರು ವರ್ಷ ವಾದವಾಯಿತು. ಚೀನೀ ಭಾಷೆಯ ಒಂದಕ್ಷರವನ್ನೂ ಅರಿಯದವರು ಅದರ ತೀರ್ಪುಗಾರರಾದರು. ೧೭೧೫ರಲ್ಲಿ ಪೋಪನು ಕಟ್ಟುನಿಟ್ಟಾಗಿ ನಿಷೇಧಿಸಿದನು. ಆ ಆಜ್ಞೆಯ ಭಾಷಾಂತರವನ್ನು ೧೭೨೧ರಲ್ಲಿ ಓದಿದ ಕ್ಯಾಂಗ್‌ಷಿ ಚಕ್ರವರ್ತಿಯು ಇವರಿಗೂ ಅಲ್ಪಬುದ್ಧಿಯ ಭಿಕ್ಷುಗಳಿಗೂ ವ್ಯತ್ಯಾಸವೇ ಇಲ್ಲವೆಂದು ಬರೆದು, ಮತಬೋಧನೆಯನ್ನು ನಿಲ್ಲಿಸಿದನು. ರಿಚ್ಚಿಯು ಅಷ್ಟು ಶ್ರಮದಿಂದ ಕಳಚಿದ ನಿಲುವಂಗಿಯನ್ನು ಚಕ್ರವರ್ತಿಯು ಅವನ ವಾರಸುದಾರರಿಗೆ ಮರಳಿ ತೊಡಿಸಿದಂತಾಯಿತು.

ಆ ಆಚಾರಗಳಿಗೆ ರೋಮು ಕಡೆಗೂ ಅನುಮತಿಯನ್ನು ಕೊಟ್ಟಿತು, ೧೯೩೯ರಲ್ಲಿ. ಕ್ಯಾಂಗ್‌ಷಿಯು ತೀರಿ ಆಗ ಇನ್ನೂರ ಹದಿನೇಳು ವರ್ಷಗಳಾಗಿದ್ದುವು.